ನಲವತ್ತೊಂದನೆಯ ಬೆಲ್ಲದ ಚೂರು

"ಘಾಟು ಹತ್ತಿತ್ರಿ ಸಾಹೇಬ್ರ. ಎಷ್ಟ್ ಸಲ ಹೇಳೂದು?"

ದುರಗವ್ವ ಈ ಮಾತನ್ನು ಹೇಳಿದ್ದು ಇದು ಆರನೆಯ ಸಲ. ಮುಖಕ್ಕೆ ಬಿಗಿಯಾಗಿ ಸುತ್ತಿಕೊಂಡ ಸೆರಗಿನ ಮೇಲೆ ಅವಳ ಎರಡು ಕಣ್ಣು ಮಾತ್ರ ಕಾಣುತ್ತಿದ್ದವು. ಆ ಕಣ್ಣುಗಳಲ್ಲಿ ನನ್ನ ಮೇಲೆ ಬೇಸರವಿತ್ತು. ಬೇಸರ ನನಗೂ ಇತ್ತು. ಬ್ಯಾಡಗಿಯ ಈ ಶೆಡ್ಡಿನಲ್ಲಿ ಮೆಣಸಿನಕಾಯಿ ತೊಟ್ಟು ಬಿಡಿಸುವ ನಲವತ್ತು ಹೆಂಗಸರನ್ನು ಬೆಳಗಿನಿಂದ ಕೇಳುತ್ತಿದ್ದೆ. ನಲವತ್ತು ಬಾಯಿಂದಲೂ ಒಂದೇ ಉತ್ತರ. ಘಾಟು.

ಗುರುವಾರ ಈ ಶೆಡ್ಡಿನ ಧಣಿ ಮನೋಹರ ಇದೇ ಜಾಗದಲ್ಲಿ ಕುಸಿದು ಬಿದ್ದಿದ್ದ. ಎದೆಗೆ ಯಂತ್ರ ಹಚ್ಚಿ ಶಾಕ್ ಕೊಟ್ಟು ಅವನ ಜೀವ ಹಿಡಿದು ನಿಲ್ಲಿಸಿದವಳು ಕೂಲಿಯವರ ಆರೋಗ್ಯ ನೋಡಿಕೊಳ್ಳಲು ಇಲ್ಲಿ ಇಟ್ಟುಕೊಂಡ ನರ್ಸ್ ಸಿಮ್ರಾನ. 'ಕರೆಂಟ್ ಕೊಟ್ಟು ಕೊಲ್ಲಲು ನೋಡಿದಳು' ಎಂದು ಅವಳ ಮೇಲೆಯೇ ಮನೋಹರನ ಹೆಂಡತಿ ನೀಲಾ ದೂರು ಬರೆದುಕೊಟ್ಟಿದ್ದಳು. ಸೋಮವಾರ ಹನ್ನೊಂದು ಗಂಟೆಗೆ ಆ ಹುಡುಗಿ ಹಾವೇರಿಯಲ್ಲಿ ವಿಚಾರಣೆಗೆ ನಿಲ್ಲಬೇಕು. ಇವತ್ತು ಶನಿವಾರ.

ನಾನು ಫಕ್ಕೀರಪ್ಪ. ಎಎಸ್‌ಐ ಆಗಿ ನಿವೃತ್ತನಾಗಿ ನಾಲ್ಕು ವರ್ಷವಾಯಿತು. ರಾಣೆಬೆನ್ನೂರಿನಲ್ಲಿ ಸಿಮ್ರಾನಳ ಮನೆ ನಮ್ಮ ಮನೆಗೆ ಎದುರು. ನನ್ನ ಹೆಂಡತಿ ತೀರಿಕೊಳ್ಳುವ ಮೊದಲು ಹಾಸಿಗೆ ಹಿಡಿದಿದ್ದ ಎಂಟು ತಿಂಗಳು ದಿನಾ ಬಂದು ಸೂಜಿ ಚುಚ್ಚಿ, ಬೆನ್ನಿನ ಹುಣ್ಣು ಒರೆಸಿ ಹೋದವಳು. "ಕಾಕಾ, ನಾ ಏನ್ ತಪ್ಪ್ ಮಾಡೇನಿ?" ಎಂದು ಅವಳು ಬಾಗಿಲಲ್ಲಿ ನಿಂತು ಕೇಳಿದ್ದಳು. ಉತ್ತರ ಹುಡುಕಿ ತರುತ್ತೇನೆ ಎಂದು ಬಂದಿದ್ದೆ. ಸಿಕ್ಕದ್ದು ಬರೀ ಸೀನು.

"ದುರಗವ್ವಾ, ಘಾಟು ಬಿಡು. ಬಿದ್ದ ಮ್ಯಾಲೆ ಆತ ಏನ್ ಮಾಡಿದ, ಅದನ್ನ ಹೇಳು."

"ಏನ್ ಮಾಡ್ತಾರ್ರಿ, ಬಾಯಿ ತಗದು ಉಸಿರು ಎಳಕೊಂಡ್ರು. ಗೊರಕಿ ಹೊಡದಂಗ. ಒಂದ್ ಸಲ ಎಳದ್ರು, ಸುಮ್ಮನಾದ್ರು. ಮತ್ತ ಒಂದ್ ಸಲ ಎಳದ್ರು. ನಮಗೆಲ್ಲಾ ಘಾಟು ಹತ್ತಿದ್ರ ಹಂಗ ಆಗೂದು. ಉಸಿರಾಡಾಕತ್ತಾರ, ತಡೀರಿ, ಈಗ ಎದ್ದ ಕುಂದರ್ತಾರ ಅಂದ್ವಿ."

ಅದು ಉಸಿರಾಟವೇ ಅಲ್ಲ ಎಂದು ಸಿಮ್ರಾನ ನನಗೆ ಹೇಳಿದ್ದಳು. ಹೃದಯ ಕೈ ಕೊಟ್ಟ ಮೇಲೆ ಮೈ ತಾನಾಗಿ ಎಳೆಯುವ ಕೊನೆಯ ಗುಕ್ಕುಗಳು ಅವು. ಬೇರೆ ಯಾವ ಊರಿನಲ್ಲಾದರೂ ಜನ ಗಾಬರಿಯಾಗಿ ಕೂಗಿಕೊಳ್ಳುತ್ತಿದ್ದರು. ಬ್ಯಾಡಗಿಯಲ್ಲಿ ಕೆಮ್ಮು, ಸೀನು, ಬಾಯಿ ತೆರೆದು ಉಸಿರೆಳೆಯುವುದು ದಿನದ ಬಾಳು. ಇಲ್ಲಿ ಅದಕ್ಕೆ ಔಷಧ ಬೆಲ್ಲ. ನಲವತ್ತು ಜನ ಸುತ್ತ ನಿಂತು, ಸಾಯುತ್ತಿದ್ದವನು ಎದ್ದು ಕೂರುತ್ತಾನೆಂದು ಕಾದರು. ಯಾರನ್ನು ಬೈಯಲಿ?

"ಬೆಲ್ಲ ಇದ್ದಿದ್ರ ಹಿಂಗ ಆಗ್ತಿರಲಿಲ್ಲೋ ಏನೋ," ಎಂದಳು ದುರಗವ್ವ. "ಎರಡು ದಿನ ಆತು, ನಿದ್ದಿ ಹತ್ತಿಲ್ರಿ ನನಗ."

"ಬೆಲ್ಲ ಯಾಕ ಇರಲಿಲ್ಲ?"

"ದಿನಾ ಹನ್ನೊಂದೂವರಿಗೆ ನಾನ ಒಡದು ಹಂಚೂದು. ನಲವತ್ತೊಂದು ಚೂರು. ನಲವತ್ತು ನಮಗ, ಒಂದು ಧಣಿಗೆ. ಅವರು ಬಂದು ನಮ್ಮ ಕೂಡ ನಿಂತ ತಿಂತಿದ್ರು. ಗುರುವಾರ ಹಂಚಿ ನೋಡ್ತೇನಿ, ಡಬ್ಬಿ ಖಾಲಿ. ಧಣಿ ಪಾಲಿಂದು ಉಳೀಲಿಲ್ಲ."

"ತಪ್ಪ್ ಎಣಿಸಿರಬೇಕು."

"ಹದಿನಾಕು ವರ್ಷ ಆತ್ರಿ ಎಣಿಸಾಕ ಹತ್ತಿ," ಎಂದು ಅವಳು ನನ್ನನ್ನು ದುರುಗುಟ್ಟಿ ನೋಡಿದಳು.

ನನಗೆ ರೇಗಿತು. ಒಂದು ಹುಡುಗಿಯ ಬಾಳು ಹಾಳಾಗುತ್ತಿದೆ, ಈಕೆ ಬೆಲ್ಲದ ಲೆಕ್ಕ ಹೇಳುತ್ತಿದ್ದಾಳೆ. ಪುಸ್ತಕದಲ್ಲಿ ಅದನ್ನು ಬರೆದುಕೊಳ್ಳಲೂ ಇಲ್ಲ. ಮೂವತ್ತೈದು ವರ್ಷದ ನೌಕರಿಯಲ್ಲಿ ಇಂಥ ತಪ್ಪು ಮಾಡಿದವರನ್ನು ಎಷ್ಟು ಬೈದಿದ್ದೆನೋ.

"ಮಷಿನ್ ತಂದವರು ಯಾರು?"

"ಸಣ್ಣ ಸಾಹೇಬ್ರು. ಚೇತನಕುಮಾರ. ನೀಲಾ ಅಮ್ಮಾರ ತಮ್ಮ. ಆಫೀಸಿನ ಗ್ವಾಡಿ ಮ್ಯಾಲಿಂದ ಬಿಚ್ಚಿ ತಂದು, ಅಂಗಿ ಹರದು, ಎದಿಗೆ ಎರಡು ಪಟ್ಟಿ ಅಂಟಿಸಿದ್ರು. ಮಷಿನ್ನಾಗ ಒಂದು ಹೆಣ್ಣಮಗಳು ಇಂಗ್ಲಿಷ್ ಮಾತಾಡಾಕ ಹತ್ತಿದ್ಲು. 'ಮುಟ್ಟಬ್ಯಾಡ್ರಿ ಅಂತೈತಿ, ಹಿಂದ ಸರೀರಿ' ಅಂದ್ರು ಸಾಹೇಬ್ರು. ಸರದ್ವಿ. ನನಗ್ಯಾಕೋ ಮನಸ್ಸು ತಡೀಲಿಲ್ಲ. ಸಿಮ್ರಾನವ್ವನ್ನ ಕರಿಯಾಕ ಹಿಂದಿನ ಶೆಡ್ಡಿಗೆ ಓಡಿದೆ."

ಅಂದರೆ ಸಿಮ್ರಾನ ಬರುವ ಮೊದಲೇ ಪಟ್ಟಿ ಅಂಟಿಸಿಯಾಗಿತ್ತು. ಯಂತ್ರ ಮಾತನಾಡಿಯಾಗಿತ್ತು. ದೂರಿನಲ್ಲಿ ಇದರ ಸುದ್ದಿಯೇ ಇರಲಿಲ್ಲ. ಬೆಳಗಿನಿಂದ ಮೊದಲ ಸಲ ನನಗೆ ಮಂಡಿನೋವು ಮರೆತುಹೋಯಿತು.

"ಆ ಮಷಿನ್ ಈಗ ಎಲ್ಲೈತಿ?"

ದುರಗವ್ವ ಆಚೆ ಈಚೆ ನೋಡಿದಳು. ಮೂಲೆಯಲ್ಲಿ ಒಟ್ಟಿದ್ದ ಗೋಣಿಚೀಲಗಳ ರಾಶಿಯಿಂದ ಒಂದನ್ನು ಎಳೆದು ನನ್ನ ಕಾಲ ಬಳಿ ಇಟ್ಟಳು. ಮೇಲೆ ನಾಲ್ಕು ಬೊಗಸೆ ಮೆಣಸಿನಕಾಯಿ. ಕೆಳಗೆ ಟಿಫಿನ್ ಕ್ಯಾರಿಯರಿಗಿಂತ ಸ್ವಲ್ಪ ದೊಡ್ಡದಾದ ಹಳದಿ ಪೆಟ್ಟಿಗೆ.

"ಕೆರಿಗೆ ಒಗದ ಬಾ ಅಂದಿದ್ರು ಸಣ್ಣ ಸಾಹೇಬ್ರು. ಒಳಗ ಹೆಣ್ಣಮಗಳು ಮಾತಾಡ್ತಾಳಲ್ರಿ. ಒಗಿಯಾಕ ಜೀವ ಒಪ್ಪಲಿಲ್ಲ."

ಪಂಚನಾಮೆ ಇಲ್ಲದೆ ಸಾಕ್ಷಿಯ ವಸ್ತುವನ್ನು ಮುಟ್ಟಬಾರದು ಎಂದು ಎಳೆಯ ಪೇದೆಗಳಿಗೆ ಪಾಠ ಹೇಳಿದವನೇ ನಾನು. ಬಿಟ್ಟು ಹೋದರೆ ಸಂಜೆಯೊಳಗೆ ಅದು ಕೆರೆ ಸೇರುತ್ತದೆ. ಅವಳಿಂದ ಒಂದು ಹಾಳೆಯ ಮೇಲೆ ಹೆಬ್ಬೆಟ್ಟು ಒತ್ತಿಸಿಕೊಂಡು, ಚೀಲವನ್ನು ಹೆಗಲಿಗೆ ಹಾಕಿಕೊಂಡು ಹಾವೇರಿಯ ಬಸ್ಸು ಹತ್ತಿದೆ. ದಾರಿಯುದ್ದಕ್ಕೂ ಅಕ್ಕಪಕ್ಕದವರು ಸೀನಿದರು. ಕಂಡಕ್ಟರು ಎರಡು ಸಲ ಬೈದ.

* * *

ಮನೋಹರ ಹಾವೇರಿಯ ಒಂದು ಖಾಸಗಿ ಆಸ್ಪತ್ರೆಯ ಐಸಿಯುನಲ್ಲಿದ್ದ. ಇನ್ನೂ ಪ್ರಜ್ಞೆ ಬಂದಿರಲಿಲ್ಲ. ಡ್ಯೂಟಿ ಡಾಕ್ಟರು ಸುರೇಖಾ ಎಂಬ ಮೂವತ್ತರ ಹೆಣ್ಣುಮಗಳು. ಕಣ್ಣು ಕೆಂಪಗಿದ್ದವು, ಮಾತು ಖಾರವಾಗಿತ್ತು.

"ನಾಕನೇ ಸಲ ಹೇಳಾಕತ್ತೇನಿ ಇದನ್ನ. ಅವರ ಹೃದಯ ನಿಂತಿರಲಿಲ್ರಿ. ನಡುಗಾಕತ್ತಿತ್ತು. ಹೃದಯ ಅಂದ್ರ ಮುಷ್ಟಿ ಬಿಗಿದು ಬಿಟ್ಟಂಗ ಒಂದ ತಾಳಕ್ಕ ಬಡೀಬೇಕು. ಆ ತಾಳ ತಪ್ಪಿ, ಚಳಿ ಹತ್ತಿದವರಂಗ ಬರೀ ನಡುಗಾಕ ಹತ್ತಿದ್ರ ಒಂದ ಹನಿ ರಕ್ತಾನೂ ಮುಂದಕ್ಕ ಹೋಗೂದಿಲ್ಲ. ಮನಿಷ್ಯಾ ನಿಂತಲ್ಲೇ ಬೀಳ್ತಾನ."

"ಅದಕ್ಕ ಕರೆಂಟ್?"

"ಕರೆಂಟ್ ಅನಬ್ಯಾಡ್ರಿ, ಕೈ ಮುಗೀತೇನಿ. ಆ ಒಂದ ಶಬ್ದದಿಂದ ಎಲ್ಲಾ ಹಾಳಾಗೈತಿ," ಎಂದು ಆಕೆ ಪೆನ್ನನ್ನು ಮೇಜಿನ ಮೇಲೆ ಕುಕ್ಕಿದಳು. "ಎದಿ ಮ್ಯಾಲೆ ಜೋರಾಗಿ ಒತ್ತಕೋತ ಇದ್ರ ಮಿದುಳಿಗೆ ಒಂದೀಟು ರಕ್ತ ಹೋಗತೈತಿ. ಜೀವ ಹಿಡಕೊಂಡಿರತೈತಿ. ಆದ್ರ ನಡುಕ ನಿಲ್ಲಾಕ ಶಾಕ್ ಬೇಕು. ಶಾಕ್ ಅಂದ್ರ ಆ ನಡುಕಾನ ಒಂದ ಕ್ಷಣ ಪೂರಾ ನಿಲ್ಲಿಸಿ, ಮತ್ತ ಸರಿಯಾಗಿ ಶುರು ಮಾಡು ಅಂತ ಹೃದಯಕ್ಕ ಹೇಳೂದು. ಒಂದ ನಿಮಿಷ ತಡಾ ಆದ್ರ ಉಳಿಯೂ ಆಸೆ ನೂರಕ್ಕ ಹತ್ತರಂಗ ಇಳೀತೈತಿ. ಹತ್ತ ನಿಮಿಷ ಕಳದ್ರ ನೀವ ಲೆಕ್ಕ ಹಾಕ್ರಿ."

"ಚಲೋ ಇದ್ದವರಿಗೆ ಆ ಹುಡುಗಿ ಸುಮ್ಮನ ಶಾಕ್ ಕೊಟ್ಟಿದ್ರ?"

"ಕೊಡಾಕ ಆಗೂದ ಇಲ್ಲ. ಆ ಮಷಿನ್ ಮೊದಲು ತಾಳ ನೋಡತೈತಿ. ಬ್ಯಾಡಾಗಿದ್ರ ಗುಂಡಿ ಎಷ್ಟ್ ಒತ್ತಿದ್ರೂ ಕೊಡೂದಿಲ್ಲ. ಸಿಮ್ರಾನ ಬಂದು ಎದಿ ಒತ್ತಿ, ಎರಡು ಶಾಕ್ ಕೊಟ್ಟಿದ್ದಕ್ಕ ಇವರು ಇವತ್ತ ಇಲ್ಲಿ ಮಲಗ್ಯಾರ. ಎದಿ ಮ್ಯಾಲಿನ ಕೆಂಪು ಗುರುತು ತೋರಿಸಿ ಅವರ ಮಂದಿ ಆಕೀನ್ನ ಕೊಲೆಗಾತಿ ಅಂತಾರ."

ಇಷ್ಟು ಸರಳವಾದ ಮಾತನ್ನು ಯಾರೂ ಕಿವಿಗೆ ಹಾಕಿಕೊಂಡಿರಲಿಲ್ಲ. ಕೇಳಬೇಕಾದ ಪೊಲೀಸರಂತೂ ಬಂದಿರಲೂ ಇಲ್ಲ.

"ಇನ್ನ ಗಂಡಾಂತರ ಇಲ್ಲ ಹೌದಲ್ಲೋ?"

ಸುರೇಖಾ ಒಂದು ಹಾಳೆ ತೆಗೆದು ನನ್ನ ಮುಂದೆ ಸರಿಸಿದಳು. "ಮತ್ತ ಯಾವಾಗ ಬೇಕಾದ್ರೂ ತಾಳ ತಪ್ಪಬಹುದು. ದೊಡ್ಡ ಆಸ್ಪತ್ರಿಗೆ ಒಯ್ದು, ಎದಿಯೊಳಗ ಸಣ್ಣ ಯಂತ್ರ ಕೂಡಿಸಬೇಕು. ಅವರ ಹೆಂಡ್ರು ಒಲ್ಲೆ ಅಂದಾರ. ಮ್ಯಾಲೆ ಇದನ್ನ ಬರದ ಕೊಟ್ಟಾರ. ನಿನ್ನೆ ಇಪ್ಪತ್ತ್ ಮಂದಿ ಬಂದು ಬಾಗಿಲ ಗ್ಲಾಸ್ ಒಡದ್ರು. ಬರದದ್ದು ಮೀರಬ್ಯಾಡ ಅಂತ ನಮ್ಮ ದೊಡ್ಡ ಡಾಕ್ಟ್ರು ಆರ್ಡರ್ ಮಾಡ್ಯಾರ."

ಹಾಳೆಯಲ್ಲಿದ್ದದ್ದು ಇಂಗ್ಲಿಷು. ರೋಗಿಗೆ ಯಾವುದೇ ಕಾರಣಕ್ಕೂ ಇನ್ನು ಮುಂದೆ ಶಾಕ್ ಕೊಡತಕ್ಕದ್ದಲ್ಲ ಎಂದು ದುಂಡನೆಯ ಅಕ್ಷರದಲ್ಲಿ, ಒಂದೂ ಚಿತ್ತು ಕಾಟಿಲ್ಲದೆ ಬರೆದಿತ್ತು. ಕೆಳಗೆ ಕನ್ನಡದಲ್ಲಿ ನೀಲಾಳ ಸಹಿ.

"ಮತ್ತ ತಾಳ ತಪ್ಪಿದ್ರ?"

"ಎದಿ ಒತ್ತತೇನಿ, ಔಷಧ ಕೊಡ್ತೇನಿ. ಶಾಕ್ ಕೊಡಲಾರದ ಅದೆಲ್ಲಾ ಎಷ್ಟೊತ್ತು? ಆಕಿ ಬಾಯಿಲೆ ಒಂದ್ ಹೂಂ ಅಂದ್ರ ಸಾಕ್ರಿ. ಆ ಹಾಳಿ ಹರದ ಒಗೀತೇನಿ."

ಒಂದು ಹೂಂ. ಅದಕ್ಕಾಗಿ ಎರಡು ದಿನದಿಂದ ಗೋಗರೆಯುತ್ತಿದ್ದಾಳೆ ಈ ಡಾಕ್ಟರು.

* * *

ಚೇತನಕುಮಾರ ಐಸಿಯು ಹೊರಗಿನ ಬೆಂಚಿನ ಮೇಲೆ ಕೂತಿದ್ದ. ಇಸ್ತ್ರಿ ಮಾಡಿದ ತಿಳಿನೀಲಿ ಅಂಗಿ, ಹೊಸ ಕ್ಷೌರ. ಅಕ್ಕನ ಗಂಡ ಸಾವು ಬದುಕಿನ ನಡುವೆ ಇರುವಾಗ ನುಣ್ಣಗೆ ಕ್ಷೌರ ಮಾಡಿಸಿಕೊಂಡು ಕೂರುವವರನ್ನು ನಾನು ನಂಬುವುದಿಲ್ಲ. ಇದು ಸಾಕ್ಷಿಯಲ್ಲ, ನನ್ನ ಸ್ವಭಾವ.

ಇವನ ಬಗ್ಗೆ ಸಿಮ್ರಾನ ಒಂದು ಮಾತು ಹೇಳಿದ್ದಳು. ಹಳೆಯ ಕಾಯಿಗೆ ಬಣ್ಣ ಹಾಕಿ ಹೊಸದೆಂದು ಸಾಗಿಸುತ್ತಿದ್ದುದನ್ನು ಮನೋಹರ ಬುಧವಾರ ಕಂಡುಹಿಡಿದಿದ್ದ. ಶುಕ್ರವಾರ ಹಾವೇರಿಗೆ ಹೋಗಿ ತಾನೇ ದೂರು ಕೊಡುತ್ತೇನೆ ಎಂದು ಮೈದುನನ ಮುಖಕ್ಕೇ ಹೇಳಿದ್ದ. ಗುರುವಾರ ಬಿದ್ದ.

"ಬರ್ರಿ ಸಾಹೇಬ್ರ, ಕುಂದರ್ರಿ. ಚಾ ತರಸ್ಲೇನು?" ಎಂದ ಚೇತನ. ಆಮೇಲೆ ನನ್ನ ಚೀಲ ನೋಡಿ, "ಅದೇನ್ರಿ?" ಎಂದ.

"ಮೆಣಸಿನಕಾಯಿ. ಮನಿಗೆ."

ಅಷ್ಟರಲ್ಲಿ ಚೀಲದೊಳಗಿಂದ ಬೀಪ್ ಎಂದು ಸಣ್ಣ ಸದ್ದು ಬಂತು. ಬ್ಯಾಟರಿ ಕಡಿಮೆಯಾದರೆ ಆ ಪೆಟ್ಟಿಗೆ ಹಾಗೆ ಕೂಗುತ್ತದಂತೆ, ಅದು ನನಗೆ ಆಮೇಲೆ ಗೊತ್ತಾಯಿತು. ಚೀಲವನ್ನು ಕಾಲ ಹಿಂದೆ ಸರಿಸಿದೆ. ಪುಣ್ಯಕ್ಕೆ ಐಸಿಯು ಒಳಗಿನಿಂದ ಹತ್ತು ಯಂತ್ರಗಳು ಅದೇ ರಾಗ ಹಾಡುತ್ತಿದ್ದವು. ಅವನು ತಲೆಯೆತ್ತಲಿಲ್ಲ.

"ಗುರುವಾರ ಮಷಿನ್ ತಂದು ಪಟ್ಟಿ ಅಂಟಿಸಿದಾಂವ ನೀನ ಅಲ್ಲೇನು?"

"ಹೌದ್ರಿ." ಹಿಂದೆಮುಂದೆ ನೋಡದೆ ಒಪ್ಪಿಕೊಂಡ. "ಹೆಂಗ ಅಂಟಿಸೂದು ಅಂತ ಪಟ್ಟಿ ಮ್ಯಾಲೆ ಚಿತ್ರ ಇರತೈತಿ."

"ಮುಂದ?"

"ಮುಂದ ಅದು ಇಂಗ್ಲಿಷ್ನ್ಯಾಗ ಏನೇನೋ ಒದರ್ತು. ಡೋಂಟ್ ಟಚ್ ಅಂದದ್ದಷ್ಟ ತಿಳೀತು. ಮುಟ್ಟಬ್ಯಾಡ್ರಿ ಅಂತ ಎಲ್ಲಾರನ್ನೂ ಹಿಂದ ಸರಿಸಿದೆ. ಅಷ್ಟೊತ್ತಿಗೆ ನಿಮ್ಮ ನರ್ಸ್ ಬಂದು ಕರೆಂಟ್ ಕೊಟ್ಲು."

"ದೂರಿನ್ಯಾಗ ಇದನ್ನ ಯಾಕ ಬರೀಲಿಲ್ಲ?"

"ಯಾರೂ ಕೇಳಲಿಲ್ರಿ." ಅವನು ಮುಗುಳ್ನಕ್ಕ. "ಮಷಿನ್ ಮುಟ್ಟಬ್ಯಾಡ್ರಿ ಅಂತು, ನಾವು ಮುಟ್ಟಲಿಲ್ಲ. ಅದಕ್ಕ ಯಾವ ಸೆಕ್ಷನ್ ಐತ್ರಿ ಸಾಹೇಬ್ರ? ನೀವು ತಿಳಿದವರು, ಹೇಳ್ರಿ."

ಅದೇ ನನ್ನ ಕುತ್ತಿಗೆ ಹಿಸುಕುತ್ತಿದ್ದ ಪ್ರಶ್ನೆ. ಚೂರಿ ಹಾಕಿದವನನ್ನು ಹಿಡಿಯಬಹುದು, ವಿಷ ಹಾಕಿದವನನ್ನು ಹಿಡಿಯಬಹುದು. ಕೈಕಟ್ಟಿ ನಿಂತವನನ್ನು ಹೇಗೆ ಹಿಡಿಯಲಿ? ಅವನು ಗಾಬರಿಯಾಗಿದ್ದ, ತಿಳಿಯಲಿಲ್ಲ ಎಂದರೆ ಯಾವ ಕೋರ್ಟೂ ತಲೆಯಾಡಿಸುತ್ತದೆ. ಸುರೇಖಾ ಕೊಟ್ಟಿದ್ದ ಹಾಳೆಯ ನಕಲನ್ನು ಜೇಬಿನಿಂದ ತೆಗೆದು ಅವನ ತೊಡೆಯ ಮೇಲಿಟ್ಟೆ.

"ಈ ಅಕ್ಷರ ಯಾರದು?"

ಅವನು ಹಾಳೆಯನ್ನು ಮಗುಚಿ ಇಟ್ಟ. "ನಂದ."

"ಇಷ್ಟ್ ಚಂದ ಇಂಗ್ಲಿಷ್ ಬರಿಯಾಂವಗ ಆ ಮಷಿನ್ ಮಾತು ತಿಳೀಲಿಲ್ಲ?"

"ಬರಿಯೂದು ಬ್ಯಾರೆ, ಕೇಳೂದು ಬ್ಯಾರೆ. ಮಾವ ಕಣ್ಣೆದುರಿಗೆ ಬಿದ್ದಿದ್ದ. ನಿಮ್ಮ ಹೆಂಡ್ರು ತೀರಿಕೊಳ್ಳೂ ಮುಂದ ನಿಮಗ ಎಲ್ಲಾ ತಿಳೀತಿತ್ತೇನ್ರಿ?"

ಎದ್ದು ಒಂದು ಕೊಡಬೇಕೆನಿಸಿತು. ನನ್ನ ಮನೆಯ ಸುದ್ದಿಯನ್ನೂ ತಿಳಿದಿಟ್ಟುಕೊಂಡಿದ್ದ. ಅಷ್ಟರಲ್ಲಿ ಬಾಗಿಲು ತೆರೆದು ನೀಲಾ ಹೊರಗೆ ಬಂದಳು.

"ಅಕ್ಕೂ, ಎದ್ದ್ ಯಾಕ ಬಂದಿ? ಕುಂದ್ರು ಬಾ," ಎಂದು ಚೇತನ ಅವಳಿಗೆ ಜಾಗ ಮಾಡಿಕೊಟ್ಟ. ಮೂವತ್ತು ದಾಟಿದ ಗಂಡಸು ಅಕ್ಕನನ್ನು ತೊಟ್ಟಿಲ ಕೂಸಿನ ಹಾಗೆ 'ಅಕ್ಕೂ' ಎನ್ನುವುದು ವಿಚಿತ್ರವಾಗಿ ಕೇಳಿಸಿತು. ಅವ್ವ ಸತ್ತ ಮೇಲೆ ತಮ್ಮನನ್ನು ಎತ್ತಿ ಬೆಳೆಸಿದವಳು ಇವಳೇ ಎಂದು ಸಿಮ್ರಾನ ಹೇಳಿದ್ದು ನೆನಪಾಯಿತು.

"ತಂಗೀ, ಗುರುವಾರ ಎಲ್ಲಿದ್ದಿ ನೀನು?"

ಅವಳು ತಮ್ಮನ ಮುಖ ನೋಡಿದಳು. "ಇಲ್ಲೇ, ಹಾವೇರಿಯೊಳಗ. ಗೆಳತಿ ಮಗಳ ನಿಶ್ಚಯ ಇತ್ರಿ. ಫೋನ್ ಬಂದ ಮ್ಯಾಲೆ ಸೀದಾ ಆಸ್ಪತ್ರಿಗೆ ಬಂದೆ."

"ಶಾಕ್ ಬ್ಯಾಡ ಅಂತ ಬರದ ಕೊಟ್ಟೀಯಲ್ಲ, ಮತ್ತ ತಾಳ ತಪ್ಪಿದ್ರ ನಿನ್ನ ಗಂಡ ಉಳಿಯೂದಿಲ್ಲ. ಡಾಕ್ಟ್ರು ಹೇಳ್ಯಾರಿಲ್ಲೋ?"

"ಎದಿ ನೋಡೀರೇನ್ರಿ ನೀವು?" ಎಂದಳು. "ಎರಡೂ ಕಡೆ ಸುಟ್ಟಂಗ ಕೆಂಪಾಗೈತಿ. ಆಕಿ ಕರೆಂಟ್ ಕೊಡದಿದ್ರ ತಾವ ಎದ್ದ ಕುಂದರ್ತಿದ್ರು. ಉಸಿರು ಇತ್ತು ಅವರಿಗೆ, ಉಸಿರು ಎಳೀತಿದ್ರು..."

"ಅಕ್ಕೂ, ಸಾಕು," ಎಂದ ಚೇತನ.

ನನ್ನ ಚೀಲದ ಘಾಟು ಅವಳ ಮೂಗಿಗೆ ತಾಗಿರಬೇಕು. ಕೆಮ್ಮುತ್ತ ಸೆರಗನ್ನು ಮುಖಕ್ಕೆ ಸುತ್ತಿಕೊಂಡಳು. ಕಣ್ಣೆರಡೇ ಉಳಿದವು. ಆ ಕಣ್ಣುಗಳನ್ನು ನೋಡಿ ನನಗೆ ಏನೋ ಹೊಳೆದಂತಾಯಿತು, ಹಿಡಿಯುವಷ್ಟರಲ್ಲಿ ಜಾರಿ ಹೋಯಿತು. ವಯಸ್ಸಾದ ತಲೆಯ ಮೇಲೆ ಸಿಟ್ಟು ಬಂತು. ಅವಳ ಫೋನ್ ನಂಬರು ಬರೆದುಕೊಂಡು ಮೆಟ್ಟಿಲಿಳಿದೆ.

* * *

ರಾಣೆಬೆನ್ನೂರಿನ ಮೇಡ್ಲೇರಿ ರಸ್ತೆಯಲ್ಲಿ ಜಮೀರನ ಅಂಗಡಿ. ಸುತ್ತಲಿನ ಆಸ್ಪತ್ರೆಗಳ ಯಂತ್ರ ಕೆಟ್ಟರೆ ಅವನೇ ವೈದ್ಯ. ನಾನು ಮುಟ್ಟುವಾಗ ಸಂಜೆ ನಾಲ್ಕೂವರೆ. ಹೆದ್ದಾರಿಯಲ್ಲಿ ಲಾರಿ ಮಗುಚಿ ಬಸ್ಸು ಒಂದು ತಾಸು ನಿಂತಿತ್ತು. ಆ ಒಂದು ತಾಸು ನಾನು ಯಾರಿಗೆ ಬೈದೆ ಎಂದು ಕೇಳಬೇಡಿ.

ಜಮೀರ ಪೆಟ್ಟಿಗೆಯಿಂದ ಮೆಣಸಿನ ಬೀಜ ಒರೆಸಿ, ತಂತಿ ಹಚ್ಚಿ, ಕಂಪ್ಯೂಟರಿಗೆ ಜೋಡಿಸಿದ.

"ಕಾಕಾ, ಇದು ಎಲ್ಲಾ ನೆನಪಿಡತೈತಿ. ಯಾವಾಗ ಚಾಲೂ ಆತು, ಹೃದಯ ಹೆಂಗಿತ್ತು, ಯಾವಾಗ ಶಾಕ್ ಕೊಟ್ರು. ನೋಡ್ರಿ."

ಪರದೆಯ ಮೇಲೆ ಗೆರೆ ಬಂತು. ಏರಿಳಿತಕ್ಕೆ ಕ್ರಮವೇ ಇಲ್ಲದ, ಕೂಸು ಸಿಟ್ಟಿನಿಂದ ಗೀಚಿದಂಥ ಗೆರೆ. ಅದು ಮನೋಹರನ ಹೃದಯ.

"ಹನ್ನೊಂದು ನಲವತ್ಮೂರಕ್ಕ ಚಾಲೂ ಆಗೈತಿ," ಜಮೀರ ಬೆರಳಿಟ್ಟು ಓದಿದ. "ನಲವತ್ನಾಕಕ್ಕ ತಾಳ ನೋಡಿ, ಶಾಕ್ ಬೇಕು ಅಂದೈತಿ. ಗುಂಡಿ ಒತ್ತಿಲ್ಲ. ನಲವತ್ತೈದಕ್ಕ ಮತ್ತ ಅಂದೈತಿ. ಒತ್ತಿಲ್ಲ. ನಲವತ್ತಾರಕ್ಕ..." ಅವನು ನಿಲ್ಲಿಸಿದ. "ಯಾರೋ ಬಂದ್ ಮಾಡ್ಯಾರ ಕಾಕಾ."

"ತಾನಾ ಬಂದ್ ಆಗಿರಬಹುದೇನು?"

"ಇಲ್ಲ. ಬಂದ್ ಮಾಡೂ ಗುಂಡೀನ ಎರಡು ಸೆಕೆಂಡು ಒತ್ತಿ ಹಿಡೀಬೇಕು. ಹಿಡದಾರ. ಐವತ್ತೊಂದಕ್ಕ ಮತ್ತ ಚಾಲೂ. ಐವತ್ತೆರಡಕ್ಕ ಮೊದಲನೇ ಶಾಕ್."

ಐವತ್ತೊಂದು ಸಿಮ್ರಾನ ಬಂದ ಹೊತ್ತು. ಅವಳು ತಪ್ಪು ಮಾಡಿಲ್ಲ ಎನ್ನುವುದು ಈಗ ಗೆರೆಯ ಮೇಲೆ ಬರೆದಿತ್ತು. ಎಂಟು ನಿಮಿಷವನ್ನು ಯಾರೋ ಕೈಯಾರೆ ಕದ್ದಿದ್ದರು. ತಿಳಿಯಲಿಲ್ಲ ಎನ್ನುವವನು ಸುಮ್ಮನೆ ನಿಲ್ಲಬಹುದು. ತಿಳಿಯದವನು ಹುಡುಕಿ ಗುಂಡಿ ಹಿಡಿದು ಬಂದ್ ಮಾಡುವುದಿಲ್ಲ.

ಆದರೆ ಹಿಡಿದದ್ದು ಚೇತನನ ಬೆರಳು ಎಂದು ಗೆರೆ ಹೇಳುವುದಿಲ್ಲ. ಸುತ್ತ ನಲವತ್ತು ಜನ. ದುರಗವ್ವ ಹಿಂದಿನ ಶೆಡ್ಡಿಗೆ ಓಡಿದ್ದಳು. ಉಳಿದವರು ಹಿಂದೆ ಸರಿದು ನಿಂತಿದ್ದರು, ಸೆರಗಿನಲ್ಲಿ ಮುಖ ಮುಚ್ಚಿಕೊಂಡು, ಕಣ್ಣಲ್ಲಿ ನೀರು ಸುರಿಸುತ್ತ. ನಾನು ಟೇಬಲ್ಲಿಗೆ ಗುದ್ದಿದೆ.

"ತಡೀರಿ," ಎಂದ ಜಮೀರ. "ಈ ಮಾಡೆಲ್ ಸುತ್ತಲಿನ ಮಾತೂ ರೆಕಾರ್ಡ್ ಮಾಡಿಕೊಳ್ತೈತಿ."

ಮೊದಲು ಕೇಳಿಸಿದ್ದು ಕೆಮ್ಮು. ಇಡೀ ಶೆಡ್ಡಿನ ಕೆಮ್ಮು. ಅದರ ನಡುವೆ ಯಂತ್ರದ ಹೆಣ್ಣುದನಿ, ಸ್ವಲ್ಪವೂ ಅವಸರವಿಲ್ಲದೆ. ಡೋಂಟ್ ಟಚ್ ದ ಪೇಶಂಟ್.

"ಮುಟ್ಟಬ್ಯಾಡ್ರಿ! ಮುಟ್ಟಬ್ಯಾಡ್ರಿ ಅಂತೈತಿ! ಹಿಂದ ಸರೀರಿ ಎಲ್ಲಾರೂ!" ಅದು ಚೇತನ.

"ತಾಳ ನೋಡೂ ಮುಂದ ಹಂಗ ಹೇಳತೈತಿ," ಜಮೀರ ಪಿಸುಗುಟ್ಟಿದ. "ಒಂದ ಹತ್ತ ಸೆಕೆಂಡಷ್ಟ."

ಶಾಕ್ ಅಡ್ವೈಸ್ಡ್. ಪ್ರೆಸ್ ದ ಬಟನ್.

ಕೆಮ್ಮು. ಬಳೆಗಳ ಸದ್ದು. ಯಾರೋ ನೆಲದ ಮೇಲೆ ಕಾಲೆಳೆದು ಹತ್ತಿರ ಬಂದ ಹಾಗೆ. ಆಮೇಲೆ ಬಟ್ಟೆಯೊಳಗಿನಿಂದ ಒಂದು ಹೆಂಗಸಿನ ದನಿ, ಅಳುತ್ತ:

"ಬಟನ್ ಒತ್ತು ಅಂತೈತಲ್ಲೋ. ಒತ್ತಬೇಕಲ್ಲೋ ಅದನ್ನ? ಒತ್ತೋ!"

"ಒತ್ತಿದ್ರ ಸುಟ್ಟ ಸಾಯ್ತಾನ. ಸುಮ್ಮನಿರು, ಅಕ್ಕೂ."

ಮತ್ತೆ ಯಂತ್ರ. ಪ್ರೆಸ್ ದ ಬಟನ್. ಮತ್ತೆ ಬಳೆಗಳ ಸದ್ದು. ಆಮೇಲೆ ಏನೂ ಇಲ್ಲ.

ಜಮೀರ ನನ್ನ ಮುಖ ನೋಡುತ್ತಿದ್ದ. ನನಗೆ ಕಾಣುತ್ತಿದ್ದದ್ದು ದುರಗವ್ವನ ಬೆಲ್ಲದ ಡಬ್ಬಿ. ನಲವತ್ತೊಂದು ಚೂರು, ನಲವತ್ತು ಹೆಂಗಸರು, ಧಣಿಯ ಪಾಲು ಉಳಿದಿರಲಿಲ್ಲ. ಅವಳು ತಪ್ಪು ಎಣಿಸಿರಲಿಲ್ಲ. ಸೆರಗಿನಲ್ಲಿ ಮುಖ ಮುಚ್ಚಿಕೊಂಡ ನಲವತ್ತೊಂದನೆಯವಳು ಅವರ ಸಾಲಿನಲ್ಲಿ ಕೂತು, ಕೈಚಾಚಿ, ಗಂಡನ ಪಾಲಿನ ಬೆಲ್ಲ ತಿಂದಿದ್ದಳು. ಹಾವೇರಿಯ ನಿಶ್ಚಯದಲ್ಲಿದ್ದೆ ಎಂದವಳಿಗೆ ಗಂಡ ಉಸಿರು ಎಳೆಯುತ್ತಿದ್ದ ಎಂದು ಹೇಗೆ ಗೊತ್ತಾಯಿತು? ಮೂಗಿನೆದುರು ಹೇಳಿದ್ದಳು, ನಾನು ಕಿವಿ ಮುಚ್ಚಿಕೊಂಡಿದ್ದೆ.

ತನ್ನದೇ ಶೆಡ್ಡಿಗೆ ಅವಳು ಕದ್ದು ಯಾಕೆ ಬಂದಿದ್ದಳು? ತಮ್ಮನಿಗೆ ಕಾವಲಾಗಿಯೋ, ತಮ್ಮನನ್ನು ಹಿಡಿಯಲೋ? ಆಟದಲ್ಲಿ ಪಾಲುಗಾರ್ತಿಯೋ, ಎತ್ತಿ ಬೆಳೆಸಿದವನ ಮಾತು ನಂಬಿ ಕೆಟ್ಟವಳೋ? ನನಗೆ ತಿಳಿಯಲಿಲ್ಲ. ತಿಳಿದದ್ದು ಒಂದೇ. ಶಾಕ್ ಕೊಟ್ಟರೆ ಗಂಡ ಸುಟ್ಟು ಸಾಯುತ್ತಾನೆ ಎಂದು ಅವಳ ತಲೆಯಲ್ಲಿ ತುಂಬಿದವನು ಈಗ ಅವಳ ಪಕ್ಕದಲ್ಲೇ ಕೂತಿದ್ದಾನೆ.

ನೀಲಾಳ ನಂಬರು ಒತ್ತಿದೆ. ಮೂರನೆಯ ರಿಂಗಿಗೆ ಎತ್ತಿದಳು.

"ತಂಗೀ, ಫಕ್ಕೀರಪ್ಪ ಮಾತಾಡಾಕತ್ತೇನಿ. ಫೋನ್ ಇಡಬ್ಯಾಡ. ಗುರುವಾರ ನೀನು ಶೆಡ್ಡಿನ್ಯಾಗ ಇದ್ದಿ."

ಆ ಕಡೆ ಬಳೆ ಸದ್ದಾಯಿತು, ಫೋನನ್ನು ಕಿವಿಗೆ ಒತ್ತಿಕೊಂಡ ಹಾಗೆ.

"ಒತ್ತು ಅಂದಾಕಿ ನೀನ. ನೀ ಹೇಳಿದ್ದ ಖರೇ ಇತ್ತವಾ. ಒತ್ತಿದ್ರ ಸುಡೂದಿಲ್ಲ, ಒತ್ತಿದ್ರ ಉಳೀತಾರ. ಅವತ್ತ ಒತ್ತಿದ್ರ ಇವತ್ತ ನಿನ್ನ ಗಂಡ ಎದ್ದ ಕುಂತು ಮಾತಾಡ್ತಿದ್ದ. ಮಷಿನ್ ಬಂದ್ ಮಾಡಿದಾಂವ ನಿನ್ನ..."

ಮಾತು ಅರ್ಧಕ್ಕೆ ನಿಂತಿತು. ಫೋನಿನೊಳಗೆ ಎಲ್ಲೋ ಒಂದು ಯಂತ್ರ ಉದ್ದಕ್ಕೆ ಚೀರತೊಡಗಿತು. ಓಡುವ ಕಾಲುಗಳು. ಬಾಗಿಲು ದಡಕ್ಕೆಂದಿತು.

"ನೀಲಾ ಅವರ!" ಡಾಕ್ಟರು ಸುರೇಖಾಳ ದನಿ, ಏದುಸಿರು. ಎದೆ ಒತ್ತುತ್ತಲೇ ಕೂಗುತ್ತಿದ್ದಳು. "ಮತ್ತ ಶುರು ಆತ್ರಿ! ಶಾಕ್ ಕೊಡ್ಲೇನು? ಹೂಂ ಅನ್ರಿ! ಲಗೂ ಅನ್ರಿ!"

"ಅನ್ನವಾ!" ನಾನು ಜಮೀರನ ಅಂಗಡಿಯಲ್ಲಿ ಎದ್ದು ನಿಂತು ಅರಚಿದೆ. ರಸ್ತೆಯಲ್ಲಿ ಹೋಗುವವರು ತಿರುಗಿ ನೋಡಿದರು. "ಒಂದ್ ಹೂಂ ಅನ್ನು! ಅವತ್ತ ಒತ್ತು ಅಂದೀಯಲ್ಲ, ಈಗ ಅನ್ನು!"

ಬಳೆಗಳ ಸದ್ದು ಕೇಳಿಸಿತು. ಅವಳು ಬಾಯಿ ತೆರೆದದ್ದು ಕೇಳಿಸಿತು.

ಆಮೇಲೆ ಫೋನಿಗೆ ತೀರಾ ಹತ್ತಿರದಲ್ಲಿ, ಮೆತ್ತಗೆ, ಸ್ವಲ್ಪ ಹೊತ್ತಿನ ಮುಂಚೆ ಪೆಟ್ಟಿಗೆಯೊಳಗಿನಿಂದ ಕೇಳಿದ ಅದೇ ದನಿ:

"ಸುಮ್ಮನಿರು, ಅಕ್ಕೂ."